ಕಿವಿಗೆ ಒಬ್ಬ, ಕಣ್ಣಿಗೆ ಇನ್ನೊಬ್ಬ: 1956ರ ರಾಕ್ ಅಂಡ್ ರೋಲ್ ಸಿನಿಮಾಗಳ ಬಗ್ಗೆ ಮಾತಾಡೋಣ

ರೀಲುಪೆಟ್ಟಿಗೆ

ಎಲ್ಲರಿಗೂ ನಮಸ್ಕಾರ. ಇಲ್ಲಿ ಹೆಚ್ಚಾಗಿ ನಮ್ಮ ಸಿನಿಮಾದ ಮಾತೇ ನಡೆಯುತ್ತದೆ. ನಾನೂ ಓದಿಕೊಂಡು ಸುಮ್ಮನಿದ್ದವನು. ಮೊನ್ನೆ ಒಬ್ಬರು ನಿಮ್ಮ ಕೆಲಸ ಏನು ಅಂತ ಕೇಳಿದರು. ಎರಡು ಸಾಲಿನಲ್ಲಿ ಹೇಳಲು ಆಗಲಿಲ್ಲ, ಅದಕ್ಕೇ ಈ ಪೋಸ್ಟ್. ಸ್ವಲ್ಪ ಉದ್ದ ಇದೆ.

ನಾನು ಹಾಸನದ ಕಡೆಯವನು. ಈಗ ಅಮೆರಿಕದ ಕ್ಲೀವ್‌ಲ್ಯಾಂಡಿನಲ್ಲಿ ಸಿನಿಮಾ ಚರಿತ್ರೆ ಪಾಠ ಮಾಡುತ್ತೇನೆ. 18 ವರ್ಷದಿಂದ ಒಂದೇ ವಿಷಯ ಹಿಡಿದು ಕೂತಿದ್ದೇನೆ. 1955ರಿಂದ 1959ರವರೆಗೆ ಬಂದ ರಾಕ್ ಅಂಡ್ ರೋಲ್ ಸಿನಿಮಾಗಳು. ಇವನ್ನು ಬಹಳ ಜನ ಲೆಕ್ಕಕ್ಕೇ ಇಟ್ಟಿಲ್ಲ. ಕಡಿಮೆ ದುಡ್ಡು, ಅವಸರದ ಚಿತ್ರೀಕರಣ, ಕಥೆ ಎಲ್ಲದರಲ್ಲೂ ಹೆಚ್ಚುಕಡಿಮೆ ಒಂದೇ. ಊರಿನ ಹಿರಿಯರು ಈ ಸಂಗೀತ ಬೇಡ ಅನ್ನುತ್ತಾರೆ, ಹುಡುಗರು ಬೇಕು ಅನ್ನುತ್ತಾರೆ, ಕೊನೆಗೆ ಒಂದು ದೊಡ್ಡ ಕಾರ್ಯಕ್ರಮ ನಡೆದು ಹಿರಿಯರ ಕಾಲೂ ತಾಳ ಹಾಕುತ್ತದೆ. ಅಷ್ಟೇ ಕಥೆ.

ಆದರೆ ಹಾಡು ಶುರುವಾದ ಕೂಡಲೇ ಕಥೆ ಬದಿಗೆ ಸರಿದು ನಿಲ್ಲುತ್ತದೆ. ಆ ಎರಡೂವರೆ, ಮೂರು ನಿಮಿಷ ನನಗೆ ಬೇಕು. ಚಕ್ ಬೆರ್ರಿ ಗಿಟಾರ್ ಹಿಡಿದು ಹೇಗೆ ನಡೆಯುತ್ತಿದ್ದರು, ಲಿಟಲ್ ರಿಚರ್ಡ್ ಕೂರದೆ ನಿಂತುಕೊಂಡೇ ಪಿಯಾನೋ ಹೇಗೆ ನುಡಿಸುತ್ತಿದ್ದರು, ಅವರ ಹಿಂದೆ ಯಾರ್ಯಾರು ನಿಂತಿದ್ದರು, ಇವೆಲ್ಲ ಆ ವಯಸ್ಸಿನಲ್ಲಿ ಇದ್ದ ಹಾಗೇ ಉಳಿದಿರುವುದು ಹೆಚ್ಚಾಗಿ ಈ ಸಿನಿಮಾಗಳಲ್ಲೇ. ಆಗಿನ ಟೀವಿ ಕಾರ್ಯಕ್ರಮಗಳಲ್ಲಿ ಎಷ್ಟೋ ನೇರ ಪ್ರಸಾರವಾಗಿ ಹಾಗೇ ಹೋಗಿಬಿಟ್ಟವು. ಯಾರೂ ಕಾಪಿ ಇಡಲಿಲ್ಲ. ಸಿನಿಮಾ ಮಾತ್ರ ಡಬ್ಬಿಯಲ್ಲಿ ಉಳಿಯಿತು.

ನನ್ನ ಕೆಲಸ ಏನೆಂದರೆ, ಆ ಮೂರು ನಿಮಿಷದಲ್ಲಿ ಪರದೆ ಮೇಲೆ ಇರುವವರ ಹೆಸರು ಬರೆದಿಡುವುದು. ಮುಂದೆ ನಿಂತು ಹಾಡುವವರ ಹೆಸರು ಎಲ್ಲರಿಗೂ ಗೊತ್ತು. ಹಿಂದಿನವರದು? ಟೈಟಲ್ ಕಾರ್ಡಿನಲ್ಲಿ ಬ್ಯಾಂಡಿನ ಹೆಸರು ಬರುತ್ತದೆ, ಮನುಷ್ಯರ ಹೆಸರು ಬರುವುದು ಬಲು ಅಪರೂಪ. ಜೊತೆಗೆ ಇನ್ನೊಂದು ತೊಡಕು ಇದೆ. ಈ ಸಿನಿಮಾಗಳಲ್ಲಿ ಬಹುಪಾಲು ಹಾಡು ಮೊದಲೇ ಬಂದಿದ್ದ ರೆಕಾರ್ಡು. ಸೆಟ್ಟಿನಲ್ಲಿ ಅದನ್ನು ಹಾಕಿ, ಬ್ಯಾಂಡಿನವರು ನುಡಿಸುವ ಹಾಗೆ ಮಾಡುತ್ತಿದ್ದರು. ರೆಕಾರ್ಡಿನಲ್ಲಿ ನುಡಿಸಿದವರು ಒಬ್ಬರು, ಕ್ಯಾಮೆರಾ ಮುಂದೆ ನಿಂತವರು ಇನ್ನೊಬ್ಬರು. ಕಿವಿಗೆ ಒಬ್ಬ, ಕಣ್ಣಿಗೆ ಇನ್ನೊಬ್ಬ. ನನ್ನ ರಿಜಿಸ್ಟರಿನಲ್ಲಿ ಪ್ರತಿ ಹಾಡಿಗೂ ಈ ಎರಡು ಕಾಲಂ ಇದೆ. ಎರಡನೆಯದನ್ನು ತುಂಬಿಸುವುದರಲ್ಲೇ ಇಷ್ಟು ವರ್ಷ ಹೋಯಿತು.

ಒಂದು ಉದಾಹರಣೆ ಕೊಡುತ್ತೇನೆ. ‘ರಾಕ್ ಅರೌಂಡ್ ದಿ ಕ್ಲಾಕ್’ ಹಾಡು ನೀವು ಕೇಳಿರುತ್ತೀರಿ. ಅದರ ನಡುವೆ ಬರುವ ಗಿಟಾರ್ ತುಣುಕು, ಸರಸರ ಅಂತ ಇಳಿದು ಬರುತ್ತದಲ್ಲ, ಅದನ್ನು ನುಡಿಸಿದವರು ಡ್ಯಾನಿ ಸೆಡ್ರೋನ್. ಹಾಡು ಬಿಲ್ ಹೇಲಿ ಮತ್ತು ಅವರ ಬ್ಯಾಂಡಿನದು. ಸೆಡ್ರೋನ್ ಆ ಬ್ಯಾಂಡಿನ ಕಾಯಂ ಸದಸ್ಯರಲ್ಲ, ಕೂಲಿಗೆ ಬಂದವರು. 1954ರ ಏಪ್ರಿಲ್ 12ರಂದು ನ್ಯೂಯಾರ್ಕಿನಲ್ಲಿ ರೆಕಾರ್ಡಿಂಗ್. ಅವರಿಗೆ ಸಿಕ್ಕಿದ್ದು 21 ಡಾಲರ್ ಅನ್ನುತ್ತಾರೆ. ಎರಡು ತಿಂಗಳಾದ ಮೇಲೆ, ಜೂನ್ 17ರಂದು, ಮೆಟ್ಟಿಲಿನಿಂದ ಬಿದ್ದು ತೀರಿಕೊಂಡರು. ಹಾಡು ಆಗಿನ್ನೂ ಅಷ್ಟಾಗಿ ಯಾರ ಕಿವಿಗೂ ಬಿದ್ದಿರಲಿಲ್ಲ. ಹಾಡಿನ ಹೆಸರನ್ನೇ ಇಟ್ಟುಕೊಂಡು ಬಂದ 1956ರ ಸಿನಿಮಾದಲ್ಲಿ ಆ ತುಣುಕು ಬಂದಾಗ ಗಿಟಾರ್ ಹಿಡಿದು ನಿಂತಿರುವವರು ಫ್ರಾನಿ ಬೀಚರ್. ಬೆರಳು ಬೀಚರ್ ಅವರದು, ಸದ್ದು ತೀರಿಕೊಂಡವರದು. ಇದು ಗೊತ್ತಾದ ರಾತ್ರಿ ನನಗೆ ನಿದ್ದೆ ಬರಲಿಲ್ಲ. ಅಲ್ಲಿಂದಲೇ ರಿಜಿಸ್ಟರ್ ಶುರುವಾಯಿತು.

ಹಳೇರೇಡಿಯೋ

ಸರ್, ಓದಿ ಮೈ ಜುಮ್ ಅಂದಿತು. ಆ ಹಾಡನ್ನು ನೂರು ಸಲ ಕೇಳಿದ್ದೇನೆ, ಆ ಗಿಟಾರಿನ ಹಿಂದೆ ಇಂಥ ಕಥೆ ಇದೆ ಅಂತ ಗೊತ್ತಿರಲಿಲ್ಲ.

ಒಂದು ಪ್ರಶ್ನೆ. 1954ರಲ್ಲಿ ಹಾಡು ಬಂದಾಗ ಯಾರೂ ಕೇಳಲಿಲ್ಲ ಅಂದಿರಿ. ಮತ್ತೆ ಸಿನಿಮಾ ಮಾಡುವಷ್ಟು ದೊಡ್ಡದಾಗಿದ್ದು ಹೇಗೆ?

ರೀಲುಪೆಟ್ಟಿಗೆ

ಒಳ್ಳೆಯ ಪ್ರಶ್ನೆ. ಸಿನಿಮಾದಿಂದಲೇ.

1955ರ ಮಾರ್ಚಿನಲ್ಲಿ ಎಂಜಿಎಂ ಕಂಪನಿಯ ‘ಬ್ಲಾಕ್‌ಬೋರ್ಡ್ ಜಂಗಲ್’ ಬಂತು. ರಿಚರ್ಡ್ ಬ್ರೂಕ್ಸ್ ನಿರ್ದೇಶನ. ಗಲಾಟೆ ಹುಡುಗರ ಶಾಲೆಗೆ ಹೊಸದಾಗಿ ಬರುವ ಮೇಷ್ಟರ ಕಥೆ. ಗ್ಲೆನ್ ಫೋರ್ಡ್ ಮೇಷ್ಟರು. ಸಿಡ್ನಿ ಪಾಟಿಯೇ ವಿದ್ಯಾರ್ಥಿಯಾಗಿ ಮಾಡಿದ್ದಾರೆ. ಶುರುವಿನಲ್ಲಿ ಪರದೆ ಮೇಲೆ ಗಂಭೀರವಾದ ಒಂದು ಬರಹ, ಹಿಂದೆ ಡ್ರಮ್ ಸದ್ದು. ಬರಹ ಮುಗಿದದ್ದೇ ತಡ, ಬಿಲ್ ಹೇಲಿ ಗಂಟೆ ಎಣಿಸುತ್ತಾ ನುಗ್ಗುತ್ತಾರೆ. ಆಗಿನ ಹುಡುಗರು ಇದನ್ನು ಮನೆಯ ಚಿಕ್ಕ ರೇಡಿಯೋದಲ್ಲಿ ಕೇಳಿದ್ದರೆ ಕೇಳಿರಬೇಕು. ಥಿಯೇಟರಿನ ದೊಡ್ಡ ಸ್ಪೀಕರಿನಲ್ಲಿ ಕೇಳಿದ್ದು ಅದೇ ಮೊದಲು. ಕುರ್ಚಿ ಬಿಟ್ಟು ಎದ್ದರು.

ಆ ರೆಕಾರ್ಡ್ ನಿರ್ದೇಶಕರ ಕೈಗೆ ಬಂದದ್ದು ಗ್ಲೆನ್ ಫೋರ್ಡ್ ಮನೆಯಿಂದ. ಅವರ ಮಗ ಪೀಟರ್ ಆಗ ಇನ್ನೂ ಚಿಕ್ಕ ಹುಡುಗ, ಅವನ ಹತ್ತಿರ ಇತ್ತು ಅಂತ ಪೀಟರ್ ಅವರೇ ಮುಂದೆ ಹೇಳಿಕೊಂಡಿದ್ದಾರೆ. ಸಿನಿಮಾ ಬಂದ ಮೇಲೆ, 1955ರ ಜುಲೈನಲ್ಲಿ ಹಾಡು ಅಮೆರಿಕದ ಜನಪ್ರಿಯ ಹಾಡುಗಳ ಬಿಲ್‌ಬೋರ್ಡ್ ಪಟ್ಟಿಯ ತುದಿಗೆ ಹೋಗಿ 8 ವಾರ ಅಲ್ಲೇ ಕೂತಿತು. ಮೊದಲು ಬಂದಾಗ ಅದು ಡಿಸ್ಕಿನ ಹಿಂಬದಿಯ ಹಾಡು, ಗೊತ್ತಾ?

ಇದೇ ಸಿನಿಮಾದಲ್ಲಿ ಇನ್ನೊಂದು ದೃಶ್ಯ ಇದೆ. ಗಣಿತದ ಮೇಷ್ಟರು ವರ್ಷಗಟ್ಟಲೆ ಕೂಡಿಟ್ಟ ಜಾಜ್ ರೆಕಾರ್ಡುಗಳನ್ನು ಹುಡುಗರಿಗೆ ಕೇಳಿಸೋಣ ಅಂತ ಪ್ರೀತಿಯಿಂದ ಶಾಲೆಗೆ ತರುತ್ತಾರೆ. ಹುಡುಗರು ಒಂದೊಂದನ್ನೇ ತೆಗೆದು ಎಸೆದು ಒಡೆದು ಹಾಕುತ್ತಾರೆ. ನಿಮಿಷಕ್ಕೆ 78 ಸುತ್ತು ತಿರುಗುವ ಆ ಹಳೆಯ ಡಿಸ್ಕು ಅಂದರೆ ಹಪ್ಪಳದ ಹಾಗೆ, ಬಿದ್ದರೆ ಚೂರು ಚೂರು. ಮೇಷ್ಟರು ನೆಲದ ಮೇಲೆ ಆ ಚೂರುಗಳ ನಡುವೆ ಇರುವುದನ್ನು ನೋಡಲು ಈಗಲೂ ನನಗೆ ಕಷ್ಟ. ರೆಕಾರ್ಡು ಕೂಡಿಡುವವನ ಸಂಕಟ ಅದು.

ಸ್ಯಾಮ್ ಕಾಟ್ಜ್‌ಮನ್ ಎಂಬ ನಿರ್ಮಾಪಕರು ಇದನ್ನೆಲ್ಲ ನೋಡುತ್ತಿದ್ದರು. ಹಿಂದೆ ಕಾಡಿನ ಸಾಹಸದ ಚಿತ್ರಗಳನ್ನು ಮಾಡಿ ಜಂಗಲ್ ಸ್ಯಾಮ್ ಅಂತ ಹೆಸರು ಪಡೆದವರು. ಒಂದು ಹಾಡಿಗೇ ಜನ ಹೀಗೆ ಬರುತ್ತಾರೆ ಅಂದರೆ ಹಾಡಿನ ಹೆಸರನ್ನೇ ಇಟ್ಟು ಸಿನಿಮಾ ಮಾಡೋಣ ಅಂತ ಹೊರಟರು. ಖರ್ಚು 3 ಲಕ್ಷ ಡಾಲರ್ ಆಸುಪಾಸು. ಫ್ರೆಡ್ ಸಿಯರ್ಸ್ ನಿರ್ದೇಶನ, ಕೊಲಂಬಿಯಾ ಬಿಡುಗಡೆ, 1956ರ ಮಾರ್ಚ್. ಹಾಕಿದ ದುಡ್ಡಿನ ಎಷ್ಟೋ ಪಟ್ಟು ವಾಪಸ್ ಬಂತು.

ಇದರ ಹಿಂದೆ ಇನ್ನೊಂದು ಕಾರಣ ಇದೆ. 1948ರಲ್ಲಿ ಅಮೆರಿಕದ ಸುಪ್ರೀಂ ಕೋರ್ಟ್ ತೀರ್ಪಿನಿಂದಾಗಿ ದೊಡ್ಡ ಸ್ಟುಡಿಯೋಗಳು ತಮ್ಮ ಥಿಯೇಟರುಗಳನ್ನು ಬಿಟ್ಟುಕೊಡಬೇಕಾಯಿತು. ಅದರ ಬೆನ್ನಿಗೇ ಟೀವಿ ಬಂತು, ಅಪ್ಪ ಅಮ್ಮಂದಿರು ಮನೆಯಲ್ಲೇ ಕೂತರು. ಥಿಯೇಟರಿಗೆ ಬರಲು ಉಳಿದವರು ಹುಡುಗರು ಮಾತ್ರ. ಥಾಮಸ್ ಡೊಹರ್ಟಿ ಎಂಬ ಚರಿತ್ರಕಾರರು 1988ರಲ್ಲಿ ಈ ಬಗ್ಗೆ ಪುಸ್ತಕವನ್ನೇ ಬರೆದರು. ಹಾಲಿವುಡ್ ಹದಿಹರೆಯದವರನ್ನು ಗಿರಾಕಿ ಅಂತ ಗುರುತಿಸಿದ್ದು ಹೇಗೆ ಅನ್ನುವುದು ಅದರ ವಿಷಯ. ಕಾಟ್ಜ್‌ಮನ್ ಅಂಥವರನ್ನು ಚರಿತ್ರೆಗೆ ತಂದದ್ದು ಆ ಪುಸ್ತಕ. ನಾನು ಈ ದಾರಿಗೆ ಬರಲು ಅದೂ ಒಂದು ಕಾರಣ.

ಸಾಧನಕೇರಿ

ಬಹಳ ಛಲೋ ಬರೆದೀರಿ ಸರ್. ಆದರೆ ನನಗೊಂದು ಮಾತು ಕೇಳಲೇಬೇಕು ಅನ್ನಿಸಿತು. ಈ ಸಂಗೀತ ಹುಟ್ಟಿದ್ದು ಕಪ್ಪು ಜನರ ಓಣಿಯಲ್ಲಿ. ಸಿನಿಮಾದ ಹೀರೋ ಬಿಳಿಯರು, ದುಡ್ಡು ಎಣಿಸಿದವರು ಬಿಳಿಯರು. ಹಾಡಿದವರು ಬಂದು ಒಂದು ಹಾಡು ಹಾಡಿ ಹೋದರು, ಅಷ್ಟೇ. ಇಂಥ ಸಿನಿಮಾವನ್ನು ನಾವು ಯಾಕೆ ಇಷ್ಟು ಪ್ರೀತಿಸಬೇಕು? ಜಗಳಕ್ಕೆ ಕೇಳುತ್ತಿಲ್ಲ, ನಿಜವಾಗಿ ತಿಳಿಯಬೇಕು ಅಂತ ಕೇಳುತ್ತಿದ್ದೇನೆ.

ರೀಲುಪೆಟ್ಟಿಗೆ

ಮೇಡಂ, ನೀವು ಹೇಳಿದ್ದರಲ್ಲಿ ಒಂದಕ್ಷರವೂ ತಪ್ಪಿಲ್ಲ. ನನ್ನ ವಿದ್ಯಾರ್ಥಿಗಳು ಪ್ರತಿ ವರ್ಷ ಇದನ್ನೇ ಕೇಳುತ್ತಾರೆ, ಕೇಳಲೇಬೇಕು.

ಈ ಸಿನಿಮಾಗಳನ್ನು ನೋಡುವಾಗ ಯಾರು ಯಾರ ಜೊತೆ ಮಾತಾಡುತ್ತಾರೆ ಅಂತ ಗಮನಿಸಿ. ಕಪ್ಪು ಕಲಾವಿದರು ವೇದಿಕೆಗೆ ಬರುತ್ತಾರೆ, ಹಾಡುತ್ತಾರೆ, ಹೋಗುತ್ತಾರೆ. ಕಥೆಯಲ್ಲಿ ಅವರಿಗೆ ಒಂದು ಮಾತೂ ಇರುವುದಿಲ್ಲ, ಎಲ್ಲೋ ಒಂದೆರಡು ಕಡೆ ಬಿಟ್ಟರೆ. ದಕ್ಷಿಣದ ರಾಜ್ಯಗಳಲ್ಲಿ ಇಂಥ ದೃಶ್ಯಗಳನ್ನು ಕತ್ತರಿಸಿ ತೋರಿಸುವ ಅಭ್ಯಾಸ ಹಿಂದಿನಿಂದಲೂ ಇತ್ತು. ಕಪ್ಪು ಗಾಯಕಿ ಲೀನಾ ಹಾರ್ನ್ ಅವರ ಹಾಡುಗಳಿಗೆ 1940ರ ದಶಕದಲ್ಲಿ ಹಾಗೇ ಆಯಿತು. ಹಾಡು ಕಥೆಗೆ ಅಂಟಿಕೊಂಡಿರದಿದ್ದರೆ ಕತ್ತರಿ ಹಾಕುವುದು ಸುಲಭ. 1956ರ ಏಪ್ರಿಲ್‌ನಲ್ಲಿ, ‘ರಾಕ್ ಅರೌಂಡ್ ದಿ ಕ್ಲಾಕ್’ ಬಂದ ಮುಂದಿನ ತಿಂಗಳೇ, ಅಲಬಾಮಾದ ಬರ್ಮಿಂಗ್‌ಹ್ಯಾಮಿನಲ್ಲಿ ಕಪ್ಪು ಗಾಯಕ ನ್ಯಾಟ್ ಕಿಂಗ್ ಕೋಲ್ ಅವರನ್ನು ಹಾಡುತ್ತಿದ್ದಾಗಲೇ ವೇದಿಕೆ ಮೇಲೆ ಹತ್ತಿ ಹೊಡೆದರು. ಕಾಲ ಅಂಥದ್ದು.

ಆ ಕಾಲದಲ್ಲಿ ಕಪ್ಪು ಗಾಯಕರ ಪ್ಲ್ಯಾಟರ್ಸ್ ತಂಡವೂ ಬಿಳಿಯರ ಬಿಲ್ ಹೇಲಿ ತಂಡವೂ ಒಂದೇ ಸಿನಿಮಾದಲ್ಲಿ, ಒಂದೇ ಪೋಸ್ಟರಿನಲ್ಲಿ ಇದ್ದವು. ಇದು ಸಾಲದು, ಖಂಡಿತ ಸಾಲದು. ಆದರೆ ಚಿಕ್ಕದೂ ಅಲ್ಲ.

ಆಲನ್ ಫ್ರೀಡ್ ಬಗ್ಗೆ ಇಲ್ಲಿ ಹೇಳಲೇಬೇಕು. ಇದೇ ನಮ್ಮ ಕ್ಲೀವ್‌ಲ್ಯಾಂಡಿನಲ್ಲಿ ರೇಡಿಯೋದಲ್ಲಿ ಕಪ್ಪು ಕಲಾವಿದರ ರೆಕಾರ್ಡುಗಳನ್ನು ಹಾಕಿ ಹೆಸರು ಮಾಡಿದವರು. 1952ರ ಮಾರ್ಚ್ 21ರಂದು ಕ್ಲೀವ್‌ಲ್ಯಾಂಡ್ ಅರೀನಾದಲ್ಲಿ ಅವರು ಏರ್ಪಡಿಸಿದ ಕಾರ್ಯಕ್ರಮಕ್ಕೆ ಹಿಡಿಸಲಾರದಷ್ಟು ಜನ ನುಗ್ಗಿ, ಶುರುವಾದ ಸ್ವಲ್ಪ ಹೊತ್ತಿಗೇ ನಿಲ್ಲಿಸಬೇಕಾಯಿತು. ಆ ಕಟ್ಟಡವನ್ನು 1977ರಲ್ಲಿ ಕೆಡವಿದರು. ಯೂಕ್ಲಿಡ್ ಅವೆನ್ಯೂನಲ್ಲಿ ಬಸ್ಸು ಆ ಜಾಗ ದಾಟುವಾಗ ನಾನು ಈಗಲೂ ಕಿಟಕಿಯಿಂದ ನೋಡುತ್ತೇನೆ. ನೋಡಲು ಏನೂ ಇಲ್ಲ, ಆದರೂ.

ಫ್ರೀಡ್ 1956ರಿಂದ 1959ರವರೆಗೆ ಐದು ಸಿನಿಮಾಗಳಲ್ಲಿ ತಮ್ಮ ಪಾತ್ರವನ್ನೇ ಮಾಡಿದರು. ಒಳ್ಳೆಯದೂ ಮಾಡಿದರು, ಕೆಟ್ಟದ್ದೂ ಮಾಡಿದರು. ಚಕ್ ಬೆರ್ರಿ ಬರೆದ ‘ಮೇಬಲೀನ್’ ಹಾಡಿಗೆ ಫ್ರೀಡ್ ಹೆಸರೂ ಬರೆದವರ ಪಟ್ಟಿಯಲ್ಲಿ ಸೇರಿತು. ಆ ಹೆಸರು ಹೋಗಿ ಹಾಡು ಪೂರ್ತಿ ಬೆರ್ರಿ ಅವರದಾಗಲು 1986 ಬರಬೇಕಾಯಿತು. ಇದೇ ಫ್ರೀಡ್ ನಡೆಸುತ್ತಿದ್ದ ಟೀವಿ ಕಾರ್ಯಕ್ರಮ 1957ರಲ್ಲಿ ನಿಂತುಹೋಯಿತು, ಯಾಕೆ ಗೊತ್ತಾ? ಫ್ರಾಂಕಿ ಲೈಮನ್ ಎಂಬ ಕಪ್ಪು ಹುಡುಗ, ಹಾಡುಗಾರ, ಒಬ್ಬ ಬಿಳಿ ಹುಡುಗಿಯ ಜೊತೆ ಕುಣಿದ. ಅಷ್ಟಕ್ಕೇ. ಮುಂದೆ ಲಂಚದ ಪ್ರಕರಣದಲ್ಲಿ ಫ್ರೀಡ್ ಕೆಲಸ ಹೋಯಿತು. 1965ರಲ್ಲಿ 43ನೇ ವಯಸ್ಸಿಗೆ ತೀರಿಕೊಂಡರು.

ಫ್ರಾಂಕಿ ಲೈಮನ್ ಅಂದೆನಲ್ಲ. ‘ರಾಕ್ ರಾಕ್ ರಾಕ್’ ಸಿನಿಮಾದಲ್ಲಿ ಅವನನ್ನು ನೋಡಿ. ಕಪ್ಪು ಬಿಳುಪು, 1956. ಬೆನ್ನ ಹಿಂದೆ ಅವನ ಟೀನೇಜರ್ಸ್ ತಂಡ. ವಯಸ್ಸು 14. ನಾನು ಪುಂಡ ಹುಡುಗ ಅಲ್ಲ ಅಂತ ಹಾಡುತ್ತಾನೆ, ಮುಖದ ತುಂಬ ನಗು, ಕೈ ಹಾಡಿನ ಜೊತೆಗೇ ಮಾತಾಡುತ್ತದೆ. 25 ವರ್ಷಕ್ಕೆ ಹೋಗಿಬಿಟ್ಟ. ಆ ಹುಡುಗನ ಆ ನಗುವನ್ನು ಇಷ್ಟು ಸ್ಪಷ್ಟವಾಗಿ ನೋಡಲು ಸಿಗುವ ಜಾಗ ಎಷ್ಟಿವೆ ಹೇಳಿ? ಆ ಸಿನಿಮಾದ ಕಥೆ ನನಗೆ ಈಗ ಅರ್ಧ ಮರೆತಿದೆ.

ಆಮೇಲೆ 1959ರ ‘ಗೋ ಜಾನಿ ಗೋ’. ಇದರಲ್ಲಿ ಚಕ್ ಬೆರ್ರಿ ಹಾಡಿ ಹೋಗುವವರಲ್ಲ. ಪಾತ್ರ ಇದೆ, ಮಾತಿದೆ, ಫ್ರೀಡ್ ಎದುರು ಸಮಸಮವಾಗಿ ನಿಂತು ಗೆಳೆಯನ ಹಾಗೆ ಮಾತಾಡುತ್ತಾರೆ. ಮೂರೇ ವರ್ಷದಲ್ಲಿ ಅಷ್ಟು ದೂರ ಬಂದಿದ್ದರು. ಅದೇ ಸಿನಿಮಾದಲ್ಲಿ ರಿಚಿ ವ್ಯಾಲೆನ್ಸ್ ಒಂದು ಹಾಡು ಹಾಡುತ್ತಾರೆ. ಅವರು ಕಾಣಿಸಿಕೊಂಡ ಒಂದೇ ಸಿನಿಮಾ ಅದು. ಬಿಡುಗಡೆ ಆಗುವ ಮೊದಲೇ, ಫೆಬ್ರವರಿ 3ರಂದು, ವಿಮಾನ ಅಪಘಾತದಲ್ಲಿ ಹೋದರು. ವಯಸ್ಸು 17.

ಪ್ರೀತಿ ಯಾಕೆ ಅಂತ ಕೇಳಿದಿರಿ. ನಿರ್ಮಾಪಕರನ್ನು ಪ್ರೀತಿಸಿ ಅಂತ ನಾನು ಹೇಳುವುದಿಲ್ಲ. ಆ ಮೂರು ನಿಮಿಷ ಹಾಡಿದವರದು. ನಿರ್ಮಾಪಕರ ದುಡ್ಡಿನಲ್ಲಿ ಉಳಿದುಕೊಂಡಿದೆ, ಅಷ್ಟೇ.

ಸಾಧನಕೇರಿ

ಸರಿ ಸರ್, ಒಪ್ಪಿದೆ. ಲೈಮನ್ ಹಾಡು ಈಗಷ್ಟೇ ನೋಡಿದೆ. ನಮ್ಮ ಶಾಲೆಯಲ್ಲಿ ಗ್ಯಾದರಿಂಗಿನಲ್ಲಿ ಹಾಡುವ ಹುಡುಗರ ವಯಸ್ಸು. ಎರಡನೇ ಸಲ ನೋಡಲಿಕ್ಕೆ ಆಗಲಿಲ್ಲ, ಕಣ್ಣು ತುಂಬಿ ಬಂತು.

ಥೇಮ್ಸ್‌ದಂಡೆ

ಲಂಡನ್‌ನಿಂದ ಬರೆಯುತ್ತಿದ್ದೇನೆ. ನಾನು ಇರುವುದು ಎಲಿಫೆಂಟ್ ಅಂಡ್ ಕಾಸಲ್ ಹತ್ತಿರ. 1956ರ ಸೆಪ್ಟೆಂಬರಿನಲ್ಲಿ ಇಲ್ಲಿನ ಟ್ರೊಕಡೆರೊ ಥಿಯೇಟರಿನಲ್ಲಿ ‘ರಾಕ್ ಅರೌಂಡ್ ದಿ ಕ್ಲಾಕ್’ ಹಾಕಿದಾಗ ಹುಡುಗರು ಸಾಲುಗಳ ನಡುವೆ ಕುಣಿದು, ಹೊರಗೆ ಬಂದು ಬೀದಿಯಲ್ಲೂ ಕುಣಿದು, ಪೊಲೀಸರು ಬಂದು ದೊಡ್ಡ ಸುದ್ದಿ ಆಯಿತು. ಪತ್ರಿಕೆಗಳು ದಿನಾ ಅದನ್ನೇ ಬರೆದವು. ಹಲವು ಊರಿನ ಕೌನ್ಸಿಲ್‌ಗಳು ಸಿನಿಮಾ ನಿಷೇಧಿಸಿದವು. ಕೊನೆಗೆ ರಾಣಿಯೇ ಒಂದು ಪ್ರಿಂಟ್ ತರಿಸಿ ನೋಡಲು ಕೇಳಿದರಂತೆ, ಆಗ ಪೇಪರಿನಲ್ಲಿ ಬಂದಿತ್ತು.

ನಮ್ಮ ಬಿಲ್ಡಿಂಗಿನಲ್ಲಿ ಒಬ್ಬರು ಅಜ್ಜಿ ಇದ್ದರು. ಅವರು ಆಗ 15ರ ಹುಡುಗಿ, ಅದೇ ವಾರ ಸಿನಿಮಾ ನೋಡಿದ್ದರು. ನಾನು ಗಲಾಟೆ ಹೇಗಿತ್ತು ಅಂತ ಕೇಳಿದೆ. ಗಲಾಟೆ ಬಗ್ಗೆ ಅವರು ಜಾಸ್ತಿ ಹೇಳಲಿಲ್ಲ. ಹಾಡು ಬಂದಾಗ ಎದ್ದು ನಿಂತೆ, ಪಕ್ಕದ ಗೆಳತಿ ಕೈ ಹಿಡಿದುಕೊಂಡಳು, ಯುದ್ಧ ಮುಗಿದು ಎಷ್ಟೋ ವರ್ಷ ಆದಮೇಲೂ ನಮ್ಮ ಮನೆಗಳಲ್ಲಿ ಎಲ್ಲವೂ ಬೂದು ಬಣ್ಣವೇ ಇತ್ತು, ಆ ದಿನ ಮಾತ್ರ ಹಾಗಿರಲಿಲ್ಲ ಅಂದರು. ಆ ಸಿನಿಮಾವೂ ಕಪ್ಪು ಬಿಳುಪೇ ಅಲ್ವಾ! ಅವರ ನೆನಪಿನಲ್ಲಿ ಮಾತ್ರ ಬಣ್ಣ ಇತ್ತು.

ರೀಲುಪೆಟ್ಟಿಗೆ

ಇದನ್ನು ದಯವಿಟ್ಟು ಬರೆದಿಡಿ. ಹೆಸರು ಬೇಡ, ತಾರೀಕು ಮತ್ತು ಥಿಯೇಟರ್ ಸಾಕು. ಸಿನಿಮಾ ಹೇಗಿತ್ತು ಅನ್ನುವುದು ರೀಲಿನಲ್ಲಿ ಇರುತ್ತದೆ. ನೋಡಿದವರಿಗೆ ಏನಾಯಿತು ಅನ್ನುವುದು ಅದರಲ್ಲಿ ಇರುವುದಿಲ್ಲ.

ಗಾಂಧಿನಗರ್ ಫಸ್ಟ್ ಶೋ

ಎಲ್ವಿಸ್ ಬಗ್ಗೆ ಯಾರೂ ಮಾತೇ ಎತ್ತಿಲ್ಲವಲ್ಲ?

ರೀಲುಪೆಟ್ಟಿಗೆ

ಎಲ್ವಿಸ್ ಬಗ್ಗೆ ಬರೆದವರು ಬೇಕಾದಷ್ಟು ಜನ ಇದ್ದಾರೆ, ಅದಕ್ಕೆ ಸುಮ್ಮನಿದ್ದೆ. ಸೈನ್ಯಕ್ಕೆ ಹೋಗುವ ಮೊದಲು ಮಾಡಿದ ನಾಲ್ಕೂ ನೋಡಲೇಬೇಕಾದವು. ಒಂದು ದೃಶ್ಯ ಮಾತ್ರ ಹೇಳುತ್ತೇನೆ. 1957ರ ‘ಲವಿಂಗ್ ಯು’ ಸಿನಿಮಾದ ಕೊನೆಯ ಹಾಡಿನಲ್ಲಿ ಪ್ರೇಕ್ಷಕರ ನಡುವೆ ಅವರ ಅಪ್ಪ ಅಮ್ಮ ನಿಜವಾಗಿಯೂ ಕೂತಿದ್ದಾರೆ. ಅಮ್ಮ ಗ್ಲ್ಯಾಡಿಸ್ ಚಪ್ಪಾಳೆ ತಟ್ಟುತ್ತಿದ್ದಾರೆ. ಮುಂದಿನ ವರ್ಷ ಆಗಸ್ಟಿನಲ್ಲಿ ಅವರು ತೀರಿಕೊಂಡರು. ಆಮೇಲೆ ಎಲ್ವಿಸ್ ಆ ಸಿನಿಮಾ ಮತ್ತೆ ನೋಡಲಿಲ್ಲ ಅನ್ನುತ್ತಾರೆ.

ಗಾಂಧಿನಗರ್ ಫಸ್ಟ್ ಶೋ

ಅಯ್ಯೋ. ಸರಿ ಸರ್. ಮತ್ತೆ ಬಣ್ಣದ ಸಿನಿಮಾ ಯಾವುದೂ ಇಲ್ವಾ ಈ ಪೈಕಿ? ನೀವು ಹೇಳುತ್ತಿರುವುದೆಲ್ಲ ಹೆಚ್ಚಾಗಿ ಕಪ್ಪು ಬಿಳುಪೇ. ಮೊದಲ ಸಲ ನೋಡುವವರಿಗೆ ಯಾವುದು ಹೇಳುತ್ತೀರಿ?

ರೀಲುಪೆಟ್ಟಿಗೆ

ಒಂದೇ ನೋಡುವುದಾದರೆ ‘ದಿ ಗರ್ಲ್ ಕಾಂಟ್ ಹೆಲ್ಪ್ ಇಟ್’. 1956, ಫಾಕ್ಸ್ ಕಂಪನಿ, ಸಿನಿಮಾಸ್ಕೋಪ್, ಬಣ್ಣ. ನಿರ್ದೇಶಕ ಫ್ರ್ಯಾಂಕ್ ಟ್ಯಾಶ್ಲಿನ್ ಮೊದಲು ಕಾರ್ಟೂನ್ ಚಿತ್ರ ಮಾಡುತ್ತಿದ್ದವರು, ಅದು ಪ್ರತಿ ಶಾಟಿನಲ್ಲೂ ಕಾಣುತ್ತದೆ. ಶುರುವಿನಲ್ಲಿ ನಾಯಕ ಟಾಮ್ ಯೂಅಲ್ ಚಿಕ್ಕ ಕಪ್ಪು ಬಿಳುಪು ಚೌಕದಲ್ಲಿ ನಿಂತು ನಮ್ಮ ಜೊತೆ ಮಾತಾಡುತ್ತಾರೆ. ಪರದೆ ಚಿಕ್ಕದಾಯಿತು ಅಂತ ಅಂಚನ್ನು ತಳ್ಳುತ್ತಾರೆ, ಪರದೆ ಆ ಕಡೆ ಈ ಕಡೆ ಅಗಲವಾಗುತ್ತದೆ. ಬಣ್ಣ ಅಂತ ಹೇಳಿದ್ದರಲ್ಲ ಅಂತ ಕಾಯುತ್ತಾರೆ, ಬಣ್ಣ ಬರುತ್ತದೆ. ಸಂಗೀತದ ಬಗ್ಗೆ ಏನೋ ಹೇಳಲು ಹೊರಟರೆ ಒಂದು ಜೂಕ್‌ಬಾಕ್ಸ್ ಮುಂದೆ ಬಂದು ಲಿಟಲ್ ರಿಚರ್ಡ್ ದನಿ ಅವರ ಮಾತನ್ನೇ ನುಂಗಿಬಿಡುತ್ತದೆ.

ಫ್ಯಾಟ್ಸ್ ಡಾಮಿನೋ ಇದ್ದಾರೆ, ಪ್ಲ್ಯಾಟರ್ಸ್ ಇದ್ದಾರೆ, ಜೀನ್ ವಿನ್ಸೆಂಟ್ ಇದ್ದಾರೆ. ಎಡ್ಡಿ ಕಾಕ್ರನ್ ಹಾಡುವುದು ಕಥೆಯೊಳಗಿನ ಟೀವಿಯಲ್ಲಿ. ಟೀವಿ ಮುಂದೆ ಮನೆಗೆಲಸದಾಕೆ ಕುಣಿಯುತ್ತಾಳೆ. ಕಾಕ್ರನ್ 1960ರಲ್ಲಿ ಇಂಗ್ಲೆಂಡಿನಲ್ಲಿ ಕಾರು ಅಪಘಾತದಲ್ಲಿ ಹೋದರು, 21 ವರ್ಷ. ಬಹುತೇಕ ಕಲಾವಿದರಿಗೆ ಕಪ್ಪು ಬಿಳುಪಿನ ಅವಸರದ ಸಿನಿಮಾನೇ ಸಿಕ್ಕಿದ್ದು. ಟ್ಯಾಶ್ಲಿನ್ ಒಬ್ಬರು ಇವರನ್ನು ದೊಡ್ಡ ಪರದೆಯಲ್ಲಿ, ಬಣ್ಣದಲ್ಲಿ, ಒಳ್ಳೆಯ ಬೆಳಕು ಹಾಕಿ ತೆಗೆದರು.

ಇದರ ಒಂದು 16 ಎಂಎಂ ಪ್ರಿಂಟ್ ನಾನು ಕೊಂಡಿದ್ದೆ. ಮೂರು ತಿಂಗಳ ಉಳಿತಾಯ. ಮಾರಿದವರು ಬಣ್ಣ ಚೆನ್ನಾಗಿದೆ ಅಂತ ಮಾತು ಕೊಟ್ಟಿದ್ದರು. ಡಬ್ಬಿ ಮುಚ್ಚಳ ತೆಗೆದದ್ದೇ ತಡ, ಮನೆ ತುಂಬ ವಿನೆಗರ್ ವಾಸನೆ. ಫಿಲ್ಮಿನ ಬುಡವೇ ಕೊಳೆಯಲು ಶುರುವಾದರೆ ಹಾಗೆ ಹುಳಿ ವಾಸನೆ ಬರುತ್ತದೆ. ಒಮ್ಮೆ ಶುರುವಾದರೆ ನಿಲ್ಲಿಸಲು ಆಗುವುದಿಲ್ಲ, ತಣ್ಣಗಿಟ್ಟು ನಿಧಾನ ಮಾಡಬಹುದು ಅಷ್ಟೇ. ಬಣ್ಣವೂ ಹೋಗಿತ್ತು. ನೀಲಿ, ಹಸಿರು ಎಲ್ಲ ಇಳಿದು ಬರೀ ಗುಲಾಬಿ. ದುಡ್ಡು ವಾಪಸ್ ಬರಲಿಲ್ಲ. ಆದರೂ ಅದನ್ನು ಎಸೆದಿಲ್ಲ. ಬೇರೆ ಡಬ್ಬಿಗಳಿಂದ ದೂರ, ಒಂಟಿಯಾಗಿ ಇಟ್ಟಿದ್ದೇನೆ, ಯಾಕೆಂದರೆ ಆ ವಾಸನೆ ಪಕ್ಕದ ರೀಲಿಗೂ ಹತ್ತುತ್ತದೆ. ನೀವು ಈಗ ನೋಡುವವರು ಡಿಸ್ಕಿನಲ್ಲೇ ನೋಡಿ, ಬಣ್ಣ ಇರಬೇಕಾದ ಹಾಗೇ ಇದೆ.

ಥೇಮ್ಸ್‌ದಂಡೆ

ಈ ಸಿನಿಮಾ ಬಗ್ಗೆ ಒಂದು ಮಾತು ಸೇರಿಸುತ್ತೇನೆ. 1968ರ ಸೆಪ್ಟೆಂಬರ್ 18ರಂದು ಬೀಟಲ್ಸ್ ಸ್ಟುಡಿಯೋದಲ್ಲಿ ‘ಬರ್ತ್‌ಡೇ’ ಹಾಡು ಕಟ್ಟುತ್ತಿದ್ದರು. ಆ ರಾತ್ರಿ ಬಿಬಿಸಿಯಲ್ಲಿ ಈ ಸಿನಿಮಾ ಇತ್ತು. ಕೆಲಸ ನಿಲ್ಲಿಸಿ, ಹತ್ತಿರದಲ್ಲೇ ಇದ್ದ ಪಾಲ್ ಮೆಕಾರ್ಟ್ನಿ ಮನೆಗೆ ಹೋಗಿ ನೋಡಿ, ವಾಪಸ್ ಬಂದು ಹಾಡು ಮುಗಿಸಿದರು. 1957ರಲ್ಲಿ ಪಾಲ್ ಮೊದಲ ಸಲ ಜಾನ್ ಲೆನನ್‌ಗೆ ಹಾಡಿ ತೋರಿಸಿದ್ದೂ ಇದೇ ಸಿನಿಮಾದಲ್ಲಿ ಕಾಕ್ರನ್ ಹಾಡುವ ಹಾಡು.

ಹಳೇರೇಡಿಯೋ

ರೀಲುಪೆಟ್ಟಿಗೆ ಸರ್, ನಿಮ್ಮ ಎರಡು ಕಾಲಂ ಬಗ್ಗೆ ಯೋಚಿಸುತ್ತಿದ್ದೆ. ನಮಗೆ ಇದು ಹೊಸದೇನಲ್ಲ ಅಲ್ವಾ? ಅಣ್ಣಾವ್ರು ತುಟಿ ಆಡಿಸಿದರು, ಪಿ. ಬಿ. ಶ್ರೀನಿವಾಸ್ ಹಾಡಿದರು. 1974ರಲ್ಲಿ ‘ಸಂಪತ್ತಿಗೆ ಸವಾಲ್’ ಬರುವವರೆಗೆ ಹೆಚ್ಚಾಗಿ ಹಾಗೇ. ಯಾರಿಗೂ ಮೋಸ ಅಂತ ಅನ್ನಿಸಲಿಲ್ಲ. ಎರಡೂ ಸೇರಿ ಒಬ್ಬರೇ ಆಗಿಬಿಟ್ಟಿದ್ದರು.

ರೀಲುಪೆಟ್ಟಿಗೆ

ನೀವು ಹೇಳಿದ್ದು ನನ್ನ ಕೆಲಸದ ಬೇರು. ನಾನು ಇದನ್ನು ಮೊದಲು ಗಮನಿಸಿದ್ದೇ ಕನ್ನಡದವನಾದ್ದರಿಂದ. ಇಲ್ಲಿನ ನನ್ನ ಸಹೋದ್ಯೋಗಿಗಳಿಗೆ ತುಟಿ ಬೇರೆ ದನಿ ಬೇರೆ ಅಂದರೆ ಏನೋ ಮುಚ್ಚಿಟ್ಟ ಹಾಗೆ. ನಮಗೆ ಹಾಗಲ್ಲ. ಹಿನ್ನೆಲೆ ಗಾಯಕರು ಅಂತ ಟೈಟಲ್ ಕಾರ್ಡಿನಲ್ಲಿ ಹೆಸರು ಹಾಕುತ್ತಿದ್ದರು. ರೇಡಿಯೋದಲ್ಲಿ ಹಾಡು ಬರುವ ಮೊದಲು ಹೆಸರು ಹೇಳುತ್ತಿದ್ದರು. ಊರ ಹುಡುಗರಿಗೂ ಗೊತ್ತಿತ್ತು ಇದು ಪಿಬಿಎಸ್ ದನಿ ಅಂತ.

ಇಲ್ಲಿ ಆ ಹೆಸರು ಹೇಳುವ ಪದ್ಧತಿಯೇ ಇರಲಿಲ್ಲ. ‘ರಾಕ್ ರಾಕ್ ರಾಕ್’ನಲ್ಲಿ ಟ್ಯೂಸ್‌ಡೇ ವೆಲ್ಡ್ ಎಂಬ ನಟಿಗೆ ಹಾಡಿದವರು ಕೋನಿ ಫ್ರಾನ್ಸಿಸ್. ಗಾಯಕಿಯ ಹೆಸರು ಆಮೇಲೆ ದೊಡ್ಡದಾಯಿತು, ಹಾಗಾಗಿ ಇದು ಎಲ್ಲರಿಗೂ ಗೊತ್ತಾಯಿತು. ಗಿಟಾರ್, ಡ್ರಮ್, ಸ್ಯಾಕ್ಸೋಫೋನ್ ನುಡಿಸಿದವರನ್ನು ಕೇಳುವವರು ಯಾರು? ನಾನು ರೆಕಾರ್ಡಿಂಗಿನ ದಿನದ ಸೆಷನ್ ಶೀಟ್, ಅಂದರೆ ಆ ದಿನ ಯಾರ್ಯಾರು ನುಡಿಸಿದರು ಅಂತ ಬರೆದ ಹಾಳೆ, ಹುಡುಕಿ, ಅದನ್ನೂ ಸಿನಿಮಾದ ಒಂದೊಂದೇ ಫ್ರೇಮನ್ನೂ ಪಕ್ಕ ಪಕ್ಕ ಇಟ್ಟು ನೋಡುತ್ತೇನೆ.

ಕಡಲತಡಿ ಸ್ಯಾಕ್ಸ್

ನಮಸ್ಕಾರ ಸರ್. ಇಷ್ಟು ಹೊತ್ತು ಓದುತ್ತಾ ಇದ್ದೆ, ಸ್ಯಾಕ್ಸೋಫೋನ್ ಅಂದ ಮೇಲೆ ಬರೆಯದೆ ಆಗುವುದಿಲ್ಲ ಮಾರಾಯ್ರೆ. ನಾನು ಉಡುಪಿ ಕಡೆಯವ. ನಮ್ಮಲ್ಲಿ ಮದುವೆ, ದೇವಸ್ಥಾನದ ಉತ್ಸವ, ಎಲ್ಲದಕ್ಕೂ ಸ್ಯಾಕ್ಸೋಫೋನ್ ಉಂಟು. ಕದ್ರಿ ಗೋಪಾಲನಾಥರು ಮೈಸೂರು ಅರಮನೆ ಬ್ಯಾಂಡಿನಲ್ಲಿ ಈ ವಾದ್ಯ ಕಂಡು ಮರುಳಾಗಿ ನಮ್ಮ ಸಂಗೀತಕ್ಕೆ ಒಗ್ಗಿಸಿದರು, ನಾವೆಲ್ಲ ಅವರ ದಾರಿಯವರು. ನಾನು ಊದುವುದು ಆಲ್ಟೋ.

ಈ ಸಿನಿಮಾಗಳಲ್ಲಿ ಸ್ಯಾಕ್ಸ್ ಊದುವವರನ್ನು ಹೇಗೆ ಪತ್ತೆ ಮಾಡಿದಿರಿ? ಊದುವ ಹಾಗೆ ನಟಿಸುವುದು ಗಿಟಾರಿನಷ್ಟು ಸುಲಭ ಅಲ್ಲ. ಊದುವವನಿಗೆ ಕೆನ್ನೆ, ಕುತ್ತಿಗೆ, ಉಸಿರು ಎಲ್ಲ ಹೇಳಿಬಿಡುತ್ತದೆ.

ರೀಲುಪೆಟ್ಟಿಗೆ

ನಿಮ್ಮಂಥವರಿಗಾಗಿಯೇ ನಾನು ಕಾಯುತ್ತಿದ್ದೆ!

1956ರ ಕೊನೆಗೆ ಕಾಟ್ಜ್‌ಮನ್ ಅವರೇ ಮಾಡಿದ ‘ಡೋಂಟ್ ನಾಕ್ ದಿ ರಾಕ್’ ಅಂತ ಇದೆ. ಅದರಲ್ಲಿ ಲಿಟಲ್ ರಿಚರ್ಡ್ ‘ಲಾಂಗ್ ಟಾಲ್ ಸ್ಯಾಲಿ’ ಹಾಡುತ್ತಾರೆ. ನಡುವೆ ಸ್ಯಾಕ್ಸ್ ಬಂದಾಗ ಒಬ್ಬರು ಪಿಯಾನೋ ಮೇಲೆಯೇ ಹತ್ತಿ ನಿಂತು ಊದುತ್ತಾರೆ. ಅವರು ಗ್ರೇಡಿ ಗೇನ್ಸ್. ಹ್ಯೂಸ್ಟನ್ ಕಡೆಯವರು, ರಿಚರ್ಡ್ ಊರೂರು ಸುತ್ತುತ್ತಿದ್ದಾಗ ಜೊತೆಗಿದ್ದ ಅಪ್‌ಸೆಟರ್ಸ್ ಬ್ಯಾಂಡಿನವರು. ಆದರೆ ರೆಕಾರ್ಡು ಆದದ್ದು ನ್ಯೂ ಆರ್ಲಿಯನ್ಸಿನ ಕೊಸಿಮೊ ಮಟಾಸಾ ಅವರ ಸ್ಟುಡಿಯೋದಲ್ಲಿ. ಅಲ್ಲಿ ಊದಿದವರು ಲೀ ಅಲೆನ್. ಡ್ರಮ್ ಅರ್ಲ್ ಪಾಮರ್. ಊರಿನ ಸ್ಟುಡಿಯೋ ಕಲಾವಿದರು ಬೇರೆ, ಪ್ರವಾಸದ ಬ್ಯಾಂಡ್ ಬೇರೆ. ಹಾಗಾಗಿ ಆ ದೃಶ್ಯದಲ್ಲಿ ಉಸಿರು ಲೀ ಅಲೆನ್ ಅವರದು, ಕುಣಿತ ಗ್ರೇಡಿ ಗೇನ್ಸ್ ಅವರದು. ಇಬ್ಬರೂ ಅಸಲಿ. ಗೇನ್ಸ್ ಪ್ರತಿ ರಾತ್ರಿ ವೇದಿಕೆಯಲ್ಲಿ ಅದನ್ನೇ ಊದುತ್ತಿದ್ದವರು.

ನಿಮಗೆ ಒಂದು ಕೆಲಸ ಕೊಡಲಾ? ‘ರಾಕ್ ಅರೌಂಡ್ ದಿ ಕ್ಲಾಕ್’ ಸಿನಿಮಾದಲ್ಲಿ ‘ರೂಡೀಸ್ ರಾಕ್’ ಅಂತ ಹಾಡಿಲ್ಲದ, ಬರೀ ವಾದ್ಯದ ಒಂದು ತುಣುಕು ಇದೆ. ಟೆನರ್ ಸ್ಯಾಕ್ಸ್ ರೂಡಿ ಪೊಂಪಿಲಿ, ಡಬಲ್ ಬಾಸ್ ಅಲ್ ರೆಕ್ಸ್. ಬಿಲ್ ಹೇಲಿ ತಂಡದ ಉಳಿದ ಹಾಡುಗಳಿಗೆಲ್ಲ ರೆಕಾರ್ಡು ಹಾಕಿ ತೆಗೆದರು, ಇದೊಂದನ್ನು ಸೆಟ್ಟಿನಲ್ಲೇ ನೇರವಾಗಿ ನುಡಿಸಿ ಧ್ವನಿಮುದ್ರಣ ಮಾಡಿದರು. ನನ್ನ ರಿಜಿಸ್ಟರಿನಲ್ಲಿ ಎರಡೂ ಕಾಲಂನಲ್ಲಿ ಒಂದೇ ಹೆಸರು ಇರುವ ಸಾಲುಗಳು ಬಹಳ ಕಡಿಮೆ, ಅದರಲ್ಲಿ ಇದೊಂದು. ಕಾಗದದ ಮೇಲೆ ನನಗೆ ಗೊತ್ತು. ಊದುವವರ ಕಣ್ಣಿಗೆ ಅದು ಕಾಣುತ್ತದಾ, ನೋಡಿ ಹೇಳಿ.

ಹಳೇರೇಡಿಯೋ

ನಾನೂ ಕಾಯುತ್ತಿದ್ದೇನೆ.

ಕಡಲತಡಿ ಸ್ಯಾಕ್ಸ್

ಸರ್, ರಾತ್ರಿ ಒಂದು ಮದುವೆ ಮುಗಿಸಿ ಬಂದು ಕೂತು ಎರಡನ್ನೂ ನೋಡಿದೆ. ಐದಾರು ಸಲ ಆಯಿತು. ಮೊದಲು ಸದ್ದು ತೆಗೆದು ಬರೀ ಕಣ್ಣಿನಲ್ಲಿ ನೋಡಿದೆ, ಆಮೇಲೆ ಸದ್ದು ಹಾಕಿ ನೋಡಿದೆ.

ಗ್ರೇಡಿ ಗೇನ್ಸ್ ಅವರದು ಎಷ್ಟು ಚಂದ ಅಂದರೆ, ಹೇಳದಿದ್ದರೆ ನನಗೆ ಗೊತ್ತಾಗುತ್ತಿರಲಿಲ್ಲ. ಎಲ್ಲಿ ಸ್ವರ ಏರಬೇಕೋ ಅಲ್ಲಿ ಮೈ ಏರುತ್ತದೆ. ಆ ತುಣುಕು ಅವರಿಗೆ ಬಾಯಿಪಾಠ, ಅದು ಖಂಡಿತ. ಆದರೆ ಉಸಿರಿಗೆ ಕಷ್ಟ ಪಡುವುದು ಕಾಣುವುದಿಲ್ಲ. ಪಿಯಾನೋ ಮೇಲೆ ಹತ್ತಿ ಹಾಗೆ ಕುಣಿದರೆ ಸ್ವರ ಸ್ವಲ್ಪವಾದರೂ ನಡುಗಲೇಬೇಕು. ನಡುಗಿಲ್ಲ.

ರೂಡಿ ಅವರದು ಬೇರೆ. ಉದ್ದ ಎಳೆದ ಮೇಲೆ ಹೆಗಲು ಎತ್ತಿ ಉಸಿರು ತೆಗೆದುಕೊಳ್ಳುತ್ತಾರೆ, ಅದೇ ಜಾಗದಲ್ಲಿ ಸದ್ದಿನಲ್ಲೂ ಬಿಡುವು ಉಂಟು. ಮೈ ಬಗ್ಗಿದಾಗ ಸ್ವರವೂ ತುಸು ಬಗ್ಗುತ್ತದೆ. ಮದುವೆ ದಿಬ್ಬಣದಲ್ಲಿ ನಡೆಯುತ್ತಾ ಊದುವಾಗ ನಮಗೂ ಹೀಗೇ ಆಗುತ್ತದೆ, ಹೆಜ್ಜೆ ಹಾಕಿದ್ದು ಸ್ವರದಲ್ಲಿ ಕೇಳುತ್ತದೆ. ಹೆಂಡತಿಯನ್ನು ಎಬ್ಬಿಸಿ ತೋರಿಸಿದೆ. ಅವಳಿಗೆ ಈ ಸಂಗೀತ ಏನೂ ಗೊತ್ತಿಲ್ಲ. ಎರಡೂ ನೋಡಿ, ಈ ಎರಡನೆಯವರಿಗೆ ಏದುಸಿರು ಬರುತ್ತಾ ಉಂಟಲ್ಲ ಅಂದಳು.

ರೀಲುಪೆಟ್ಟಿಗೆ

ಇಬ್ಬರಿಗೂ ನನ್ನ ನಮಸ್ಕಾರ. ಆ ಸಾಲಿನ ಪಕ್ಕದಲ್ಲಿ ಇವತ್ತು ಇಷ್ಟು ಸೇರಿಸಿದೆ:

‘ರೂಡೀಸ್ ರಾಕ್’, 1956. ಕಿವಿಗೆ: ರೂಡಿ ಪೊಂಪಿಲಿ. ಕಣ್ಣಿಗೆ: ರೂಡಿ ಪೊಂಪಿಲಿ. ಉಸಿರು ಹೊಂದುತ್ತದೆ, ಉಡುಪಿ ಕಡೆಯ ಸ್ಯಾಕ್ಸೋಫೋನ್ ಕಲಾವಿದರೂ ಅವರ ಮನೆಯವರೂ ನೋಡಿದ್ದು.

ಕಡಲತಡಿ ಸ್ಯಾಕ್ಸ್

ಅವಳಿಗೆ ಓದಿ ಹೇಳಿದೆ. ಇನ್ನು ಯಾವುದಾದರೂ ಉಂಟಾ ಅಂತ ಕೇಳುತ್ತಿದ್ದಾಳೆ.

ರೀಲುಪೆಟ್ಟಿಗೆ

ಉಂಟು. ‘ರಾಕ್ ರಾಕ್ ರಾಕ್’, ಚಕ್ ಬೆರ್ರಿ ಹಾಡು. ಮೊದಲು ಸದ್ದು ತೆಗೆದು ನೋಡಲು ಹೇಳಿ.